ಹಳೆಯ ಲಿಂಕನ್ ಹೈವೇಯ ಜಾಡು ಹಿಡಿಯುವುದು ಹೇಗೆ

ಅಮೆರಿಕದ ಅಯೋವಾ ರಾಜ್ಯದ ಟಾಮಾ ಎಂಬ ಪುಟ್ಟ ಊರಿನಲ್ಲಿ ಒಂದು ಕಿರುಸೇತುವೆ ಇದೆ. 1915ರಲ್ಲಿ ಕಟ್ಟಿದ್ದು. ಅದರ ಎರಡೂ ಬದಿಯಲ್ಲಿ ಕಂಬಿಗಳ ಬದಲು ಕಾಂಕ್ರೀಟಿನ ಇಂಗ್ಲಿಷ್ ಅಕ್ಷರಗಳೇ ಸಾಲಾಗಿ ನಿಂತಿವೆ: ಏಳು ಅಕ್ಷರ ‘ಲಿಂಕನ್’, ಏಳು ಅಕ್ಷರ ‘ಹೈವೇ’. ಮೊದಲ ಸಲ ಹೋದಾಗ ಕಾರು ನಿಲ್ಲಿಸಿ ಒಂದೊಂದು ಅಕ್ಷರವನ್ನೂ ಮುಟ್ಟಿ ನೋಡಿದೆ. ‘ಓ’ ಅಕ್ಷರದ ನಡುವಿನಿಂದ ಬಗ್ಗಿ ನೋಡಿದರೆ ಕೆಳಗಿನ ತೊರೆ ಕಾಣುತ್ತಿತ್ತು. ಅಲ್ಲಿಂದ ಈಚೆಗೆ ನಾಲ್ಕು ಬೇಸಿಗೆಯ ರಜೆಗಳನ್ನು ಅಮೆರಿಕವನ್ನು ಅಡ್ಡಹಾಯುವ ಈ ಹಳೆಯ ರಸ್ತೆಗೇ ಕೊಟ್ಟಿದ್ದೇನೆ. ನೀವೂ ಹೋಗುವುದಾದರೆ ನಾನು ಕಲಿತದ್ದು ನಿಮಗೆ ಉಪಯೋಗವಾಗಲಿ.

ಮೊದಲು ಒಂದು ವಿಷಯ ಮನಸ್ಸಿನಲ್ಲಿರಲಿ. ಲಿಂಕನ್ ಹೈವೇ ಯಾರೋ ಒಬ್ಬರು ನಕ್ಷೆ ಬರೆದು, ಒಂದು ತುದಿಯಿಂದ ಇನ್ನೊಂದು ತುದಿಗೆ ಕಟ್ಟಿ ಮುಗಿಸಿದ ರಸ್ತೆಯಲ್ಲ. 1912ರಲ್ಲಿ ಇಂಡಿಯಾನಾಪೊಲಿಸ್‌ನ ಉದ್ಯಮಿ ಕಾರ್ಲ್ ಫಿಶರ್ ಈ ಆಲೋಚನೆ ಮುಂದಿಟ್ಟಾಗ ಊರ ಗಡಿ ದಾಟಿದರೆ ಕೆಸರೇ ಗತಿ ಎಂಬ ಸ್ಥಿತಿ ಇತ್ತು. 1913ರಲ್ಲಿ ಮಾರ್ಗ ಪ್ರಕಟವಾಯಿತು: ನ್ಯೂಯಾರ್ಕಿನ ಟೈಮ್ಸ್ ಸ್ಕ್ವೇರ್‌ನಿಂದ ಸ್ಯಾನ್ ಫ್ರಾನ್ಸಿಸ್ಕೋದ ಲಿಂಕನ್ ಪಾರ್ಕ್‌ವರೆಗೆ, 3,389 ಮೈಲಿ. ಅದರಲ್ಲಿ ಬಹುಪಾಲು ಆಗಲೇ ಇದ್ದ ಹಳ್ಳಿ ದಾರಿಗಳಿಗೆ ಹೊಸ ಹೆಸರಿಟ್ಟದ್ದಷ್ಟೇ. ಹೆದ್ದಾರಿ ಸಂಘದವರು ಒಂದು ಜಾಣತನ ಮಾಡಿದರು. 1914ರಲ್ಲಿ ಇಲಿನಾಯ್‌ನ ಮಾಲ್ಟಾ ಊರಿನ ಬಳಿ ಮಣ್ಣುದಾರಿಯ ನಡುವೆ ಒಂದೇ ಒಂದು ಮೈಲಿ ಕಾಂಕ್ರೀಟ್ ಹಾಕಿಸಿದರು. ಅದರ ಹೆಸರು ‘ಸಸಿ ಮೈಲಿ’. ಆ ಒಂದು ಮೈಲಿ ನುಣ್ಣಗೆ ಓಡಿಸಿ ಮತ್ತೆ ಕೆಸರಿಗಿಳಿದವರು ಉಳಿದ ದಾರಿಗೂ ಕಾಂಕ್ರೀಟ್ ಕೇಳದೆ ಇರಲಾರರು ಎಂಬುದು ಅವರ ಲೆಕ್ಕಾಚಾರ. ಹೀಗೆ ತುಂಡು ತುಂಡಾಗಿ ಬೆಳೆದ ರಸ್ತೆ ವರ್ಷದಿಂದ ವರ್ಷಕ್ಕೆ ಜಾಗ ಬದಲಿಸುತ್ತಲೇ ಹೋಯಿತು. ಆದ್ದರಿಂದ ಹೊರಡುವ ಮೊದಲೇ ಯಾವ ಕಾಲದ ರಸ್ತೆಯನ್ನು ಹಿಡಿಯುತ್ತೀರಿ ಎಂದು ತೀರ್ಮಾನಿಸಿ. 1915ರ ದಾರಿ ಒಂದು, 1928ರ ದಾರಿ ಇನ್ನೊಂದು.

ಪೂರ್ತಿ 3,389 ಮೈಲಿಗೆ ಕೈ ಹಾಕಬೇಡಿ. ದಿನಕ್ಕೆ ನೂರು ಮೈಲಿ ಸಾಕು. ನನ್ನ ಅನುಭವದಲ್ಲಿ ಅದೇ ಹೆಚ್ಚು. ರಸ್ತೆಯ ಮೇಲೆಯೇ ಆಸೆಯಿದ್ದರೆ ಅಯೋವಾ ಆರಿಸಿಕೊಳ್ಳಿ, ದಾರಿಬದಿಯ ವಿಚಿತ್ರ ಕಟ್ಟಡಗಳ ಮೇಲೆ ಆಸೆಯಿದ್ದರೆ ಪೆನ್ಸಿಲ್ವೇನಿಯಾ.

ಮೊಬೈಲಿನ ನಕ್ಷೆಯನ್ನು ಪೂರ್ತಿ ನಂಬಬೇಡಿ. ಮೊದಲ ಬೇಸಿಗೆಯಲ್ಲಿ ಅದು ನನ್ನನ್ನು ಗಂಟೆಗೊಮ್ಮೆ ಇಂಟರ್‌ಸ್ಟೇಟ್ 80 ಎಂಬ ವೇಗದ ಹೊಸ ಹೆದ್ದಾರಿಗೆ ತಂದು ಬಿಡುತ್ತಿತ್ತು. ಬೇಗ ತಲುಪಿಸುವುದೇ ಅದರ ಕೆಲಸ, ನಮಗೆ ಬೇಕಾದದ್ದು ಅದಲ್ಲ. ಈಗ ನಾನು ದಾರಿಯಲ್ಲಿ ಸಿಗುವ ಸಣ್ಣ ಊರುಗಳ ಹೆಸರನ್ನು ಒಂದು ಹಾಳೆಯಲ್ಲಿ ಕ್ರಮವಾಗಿ ಬರೆದುಕೊಂಡು, ಒಂದು ಊರಿನಿಂದ ಮುಂದಿನ ಊರಿಗೆ ಎಂದು ಸಾಗುತ್ತೇನೆ.

ಹಳೆಯ ರಸ್ತೆಯನ್ನು ಗುರುತಿಸುವುದು ಕಣ್ಣಿಗೆ ರೂಢಿಯಾಗಬೇಕಾದ ವಿದ್ಯೆ. 1926ರಲ್ಲಿ ಹೆಸರುಗಳ ಜಾಗಕ್ಕೆ ಸಂಖ್ಯೆಗಳು ಬಂದವು: ಪೂರ್ವ–ಪಶ್ಚಿಮದ ಹೆದ್ದಾರಿಗಳಿಗೆ ಸಮಸಂಖ್ಯೆ, ಉತ್ತರ–ದಕ್ಷಿಣದವಕ್ಕೆ ಬೆಸಸಂಖ್ಯೆ. ಲಿಂಕನ್ ಹೈವೇಯ ದೊಡ್ಡ ಪಾಲು ಯುಎಸ್ 30 ಆಯಿತು. ಹಾಗಾಗಿ ಯುಎಸ್ 30ರಲ್ಲಿ ಹೋಗುತ್ತ ಪಕ್ಕದಲ್ಲಿ ಕಣ್ಣಿಟ್ಟಿರಿ. ಊರೊಳಗೆ ‘ಲಿಂಕನ್‌ವೇ’ ಎಂಬ ಬೀದಿಯ ಫಲಕ ಸಿಕ್ಕರೆ ತಿರುಗಿಬಿಡಿ. ರೈಲುಹಳಿ ಪಕ್ಕದಲ್ಲೇ ಓಡುತ್ತಿದ್ದರೆ ಒಳ್ಳೆಯ ಸೂಚನೆ; ಆ ಕಾಲದ ದಾರಿಗಳು ಹಳಿಯ ಜೊತೆ ಜೊತೆಗೇ ಸಾಗುತ್ತಿದ್ದವು. ಅಯೋವಾದಲ್ಲಿ ರಸ್ತೆ ಕಾರಣವಿಲ್ಲದೆ ನೇರ ಕೋನದಲ್ಲಿ ತಿರುಗಿದಂತೆ ಕಂಡರೆ ಅದು ಹೊಲಗಳ ಎಲ್ಲೆಗುಂಟ ಹೋಗುತ್ತಿದ್ದ ಮೊದಲಿನ ದಾರಿಯೇ ಇರಬಹುದು. ಇನ್ನು, 1928ರ ಸೆಪ್ಟೆಂಬರ್ 1ರಂದು ಬಾಯ್ ಸ್ಕೌಟ್ ಹುಡುಗರು ದೇಶದುದ್ದಕ್ಕೂ ಕಾಂಕ್ರೀಟ್ ಕಂಬಗಳನ್ನು ನೆಟ್ಟರು. ಲಿಂಕನ್ನರ ಮುಖದ ಕಂಚಿನ ಪದಕ, ದಿಕ್ಕು ತೋರಿಸುವ ನೀಲಿ ಬಾಣ ಅವುಗಳ ಗುರುತು. ಒಂದು ಕಂಬ ಕಂಡಿತೆಂದರೆ ಇಳಿದು ನೋಡದೆ ಮುಂದೆ ಹೋಗಬೇಡಿ.

ಎಲ್ಲಕ್ಕಿಂತ ನನಗೆ ನೆರವಾದ ಉಪಾಯ ಇದು: ಕಟ್ಟಡದ ಮುಖ ನೋಡಿ. ಹಳೆಯ ಪೆಟ್ರೋಲ್ ಬಂಕ್, ಮೋಟೆಲ್, ಊಟದಂಗಡಿ ನಿಮಗೆ ಬೆನ್ನು ತೋರಿಸಿ ನಿಂತಿದ್ದರೆ ನೀವು ಹೊಸ ರಸ್ತೆಯಲ್ಲಿದ್ದೀರಿ ಎಂದರ್ಥ. ಅವುಗಳ ಮುಂಬಾಗಿಲು ಯಾವ ಕಡೆಗಿದೆಯೋ ಆ ಕಡೆ ಹುಡುಕಿ. ಹುಲ್ಲು ಮುಚ್ಚಿದ ಕಾಂಕ್ರೀಟ್ ಪಟ್ಟಿಯಾದರೂ ಸಿಗುತ್ತದೆ.

ದಾರಿಬದಿಯ ಆಕರ್ಷಣೆಗಳನ್ನೂ ಇದೇ ದೃಷ್ಟಿಯಿಂದ ನೋಡಿ. ಚಾಲಕನ ಕಣ್ಣು ಫಲಕದ ಮೇಲೆ ಇರುವುದು ಕೆಲವೇ ಕ್ಷಣ. ಅಷ್ಟರಲ್ಲಿ ಅವನ ಕಾಲು ಬ್ರೇಕಿನ ಮೇಲೆ ಬರಬೇಕಾದರೆ ಓದಿಸುವುದಕ್ಕಿಂತ ತೋರಿಸುವುದು ಮೇಲು. ಪೆನ್ಸಿಲ್ವೇನಿಯಾದ ಬೆಡ್‌ಫರ್ಡ್‌ನಲ್ಲಿ 1927ರಲ್ಲಿ ಪೆಟ್ರೋಲ್ ಬಂಕಿನವರೊಬ್ಬರು ಪಕ್ಕದಲ್ಲೇ 18 ಅಡಿ ಎತ್ತರದ ಕಾಫಿ ಕೆಟಲಿನ ಆಕಾರದ ಊಟದಂಗಡಿ ಕಟ್ಟಿಸಿದ್ದು ಇದಕ್ಕೇ. ಹಿಡಿ, ಮೂತಿ ಎಲ್ಲವೂ ಇವೆ. ಅದು ಪಾಳು ಬಿದ್ದಾಗ ಊರವರು ಕೈಬಿಡಲಿಲ್ಲ. 2003ರಲ್ಲಿ ಇಡೀ ಕಟ್ಟಡವನ್ನು ರಸ್ತೆಯ ಆಚೆ ಬದಿಗೆ ಸಾಗಿಸಿ ದುರಸ್ತಿ ಮಾಡಿದರು. (ಮುಖ ನೋಡುವ ನನ್ನ ಉಪಾಯ ಇಲ್ಲಿ ಮಾತ್ರ ನಡೆಯದು.) ಪೂರ್ವಕ್ಕೆ ಹೋದರೆ ಹ್ಯಾಲಮ್ ಬಳಿ ಪಾದರಕ್ಷೆ ವ್ಯಾಪಾರಿ ಮಹ್ಲನ್ ಹೇನ್ಸ್ 1948ರಲ್ಲಿ ಕಟ್ಟಿಸಿದ ಬೂಟಿನ ಆಕಾರದ ಮನೆ ಇದೆ, 25 ಅಡಿ ಎತ್ತರ. ಅದರ ಅಂಗಳದ ನಾಯಿಗೂಡು ಕೂಡ ಬೂಟಿನ ಆಕಾರದ್ದೇ. ನನ್ನ ಮಗಳು ದೊಡ್ಡ ಮನೆಗಿಂತ ಹೆಚ್ಚು ಹೊತ್ತು ಆ ಗೂಡಿನ ಮುಂದೆ ಕುಳಿತಿದ್ದಳು.

ಈ ಸಂಭ್ರಮ ಎಲ್ಲರದ್ದಾಗಿರಲಿಲ್ಲ. ಇದೇ ಹೆದ್ದಾರಿಗಳಲ್ಲಿ ಕಪ್ಪು ಜನರಿಗೆ ಎಷ್ಟೋ ಕಡೆ ಊಟವಿಲ್ಲ, ಹಾಸಿಗೆಯಿಲ್ಲ, ಶೌಚಾಲಯವಿಲ್ಲ. ನ್ಯೂಯಾರ್ಕಿನ ಹಾರ್ಲೆಮ್‌ನಲ್ಲಿ ವಾಸವಾಗಿದ್ದ ಅಂಚೆಯವರಾದ ವಿಕ್ಟರ್ ಹ್ಯೂಗೋ ಗ್ರೀನ್ ಅವರು 1936ರಿಂದ ‘ಗ್ರೀನ್ ಬುಕ್’ ಎಂಬ ಕೈಪಿಡಿ ಹೊರತಂದದ್ದು ಕಪ್ಪು ಜನರನ್ನು ಸೇರಿಸಿಕೊಳ್ಳುವ ಜಾಗಗಳ ವಿಳಾಸ ಕೊಡಲಿಕ್ಕಾಗಿ. ಅದರ ಹಳೆಯ ಸಂಚಿಕೆಗಳು ನ್ಯೂಯಾರ್ಕ್ ಸಾರ್ವಜನಿಕ ಗ್ರಂಥಾಲಯದ ಡಿಜಿಟಲ್ ಸಂಗ್ರಹದಲ್ಲಿ ಉಚಿತವಾಗಿ ಸಿಗುತ್ತವೆ. ನೀವು ರಾತ್ರಿ ತಂಗುವ ಊರಿನ ಪುಟ ತೆರೆದು ಎಷ್ಟು ವಿಳಾಸಗಳಿವೆ ಎಂದು ಎಣಿಸಿ. ಎಷ್ಟೋ ಸಲ ಆ ಊರಿನ ಹೆಸರೇ ಇರುವುದಿಲ್ಲ. ನಾನು ಪ್ರತಿ ಪ್ರವಾಸದಲ್ಲೂ ಇದನ್ನು ತಪ್ಪದೆ ಮಾಡುತ್ತೇನೆ.

ಕೆಲವು ಎಚ್ಚರಿಕೆಗಳು. ಮಳೆ ಬಂದ ಮರುದಿನ ಮಣ್ಣಿನ ತುಂಡುಗಳಿಗೆ ಇಳಿಯಬೇಡಿ. ಅಯೋವಾದ ಕಪ್ಪು ಮಣ್ಣಿನಲ್ಲಿ ನನ್ನ ಕಾರು ಹೂತು, ಟ್ರ್ಯಾಕ್ಟರ್ ಬರುವವರೆಗೆ ಮೂರು ಗಂಟೆ ಕಾದಿದ್ದೇನೆ. ಬೇಲಿಯೊಳಗಿನ ರಸ್ತೆ ಎಷ್ಟೇ ಹಳೆಯದಾಗಿದ್ದರೂ ಅದು ರೈತನ ಆಸ್ತಿ, ಕೇಳಿಯೇ ಕಾಲಿಡಿ. ಪೆಟ್ರೋಲ್ ಅರ್ಧಕ್ಕಿಳಿದಾಗಲೇ ತುಂಬಿಸಿ. ಹೊಲದ ನಡುವೆ ಅಳಿದ ರಸ್ತೆಯ ದಿಬ್ಬ ಹುಡುಕುವುದಾದರೆ ಸಂಜೆ ಹೊರಡಿ. ನೆರಳು ಉದ್ದವಾದಾಗ ಮಾತ್ರ ಆ ಏರು ಕಣ್ಣಿಗೆ ಬೀಳುತ್ತದೆ.

ಅಯೋವಾದ ಪಶ್ಚಿಮದಲ್ಲಿ ವುಡ್‌ಬೈನ್ ಎಂಬ ಊರಿದೆ. ಅಲ್ಲಿ 1921ರಲ್ಲಿ ಹಾಸಿದ ಇಟ್ಟಿಗೆಯ ಲಿಂಕನ್‌ವೇ ಹನ್ನೊಂದು ಬೀದಿಗಳ ಉದ್ದಕ್ಕೆ ಇನ್ನೂ ಬಳಕೆಯಲ್ಲಿದೆ. ರೇಡಿಯೋ ನಿಲ್ಲಿಸಿ, ಕಿಟಕಿಗಾಜು ಇಳಿಸಿ, ಗಂಟೆಗೆ ಇಪ್ಪತ್ತು ಮೈಲಿಗಿಂತ ನಿಧಾನವಾಗಿ ಹೋಗಿ. ಚಕ್ರದ ಕೆಳಗೆ ಇಟ್ಟಿಗೆಗಳು ಒಂದೇ ಸಮನೆ ಗುಡುಗುಡು ಎನ್ನುತ್ತವೆ. ಕೊನೆಯಲ್ಲಿ ಕಾರು ತಿರುಗಿಸಿ ಇನ್ನೊಮ್ಮೆ ಬನ್ನಿ.