ಮೊದಲು ಮರಳು, ಆಮೇಲೆ ಬಳ್ಳಿ: ದಬ್ಬೆ ಬೇಲಿಯಿಂದ ದಿಬ್ಬ ಎಬ್ಬಿಸಿದ ನನ್ನ ಅನುಭವ

ಕಡಲ ತೀರದಲ್ಲಿ ಮರಳು ದಿಬ್ಬ ಉಳಿಸಲು ಹೊರಟವರು ಸಾಮಾನ್ಯವಾಗಿ ಬಳ್ಳಿ ನೆಡುವುದರಿಂದ ಶುರು ಮಾಡುತ್ತಾರೆ. ನಾವೂ ಹಾಗೇ ಶುರು ಮಾಡಿದ್ದು. ಈಗ ನಮ್ಮ ತೀರದಲ್ಲಿ ಎದೆಮಟ್ಟದ ದಿಬ್ಬ ಎದ್ದಿದೆ. ಮಳೆಗಾಲದ ಅಲೆಗಳನ್ನೂ ತಡೆದುಕೊಂಡಿದೆ. ಆದರೆ ಅದನ್ನು ಎಬ್ಬಿಸಿದ್ದು ಬಳ್ಳಿ ಅಲ್ಲ, ಅಡಿಕೆ ದಬ್ಬೆ, ಅಂದರೆ ಅಡಿಕೆ ಮರದ ಸೀಳಿನ ಬೇಲಿ. ಬಳ್ಳಿ ಆಮೇಲೆ ಬಂತು. ಇದು ಆಗುವ ಕೆಲಸ ಅಲ್ಲ ಅಂದವರು ಬಹಳ ಜನ. ಅವರಲ್ಲಿ ಕೆಲವರು ಈಗ ಬಂದು ಬೇಲಿಯ ಅಳತೆ ಕೇಳುತ್ತಿದ್ದಾರೆ. ಎಲ್ಲರಿಗೂ ಒಟ್ಟಿಗೆ ಸಿಗಲಿ ಅಂತ ಬರೆಯುತ್ತಿದ್ದೇನೆ.

ಜಾಗ ಹೊನ್ನಾವರದ ಕಡೆಯದು, ಶರಾವತಿ ಅಳಿವೆಯಿಂದ ತುಂಬಾ ದೂರ ಇಲ್ಲ. ಹೆಚ್ಚು ಕಡಿಮೆ ಇನ್ನೂರು ಮೀಟರ್ ತೀರ. ತೀರದ ಹಿಂಬದಿಗೆ ಗಾಳಿ ಮರದ (ಸರ್ವೆ ಮರದ) ತೋಪು. ಅದರಾಚೆ ಕೇದಗೆ ಮೆಳೆ, ನಾಲ್ಕಾರು ಸುರಹೊನ್ನೆ ಮರ, ಆಮೇಲೆ ತೆಂಗಿನ ತೋಟ. ಮುಂದಿದ್ದ ಹಳೆಯ ದಿಬ್ಬ ಗಾಡಿ ಓಡಾಡಿ, ಮರಳು ತೆಗೆದು ಚಪ್ಪಟೆಯಾಗಿತ್ತು. ಮಳೆಗಾಲದಲ್ಲಿ ಅಲೆ ನೇರ ತೋಪಿನ ಬುಡಕ್ಕೇ ಬರುತ್ತಿತ್ತು. ಪ್ರತಿ ವರ್ಷ ಒಂದಷ್ಟು ಗಾಳಿ ಮರ ಬೇರು ಮೇಲಾಗಿ ಬೀಳುತ್ತಿದ್ದವು.

ಉತ್ತರಕ್ಕೆ ಸ್ವಲ್ಪ ನಡೆದರೆ ಹಳೆಯ ದಿಬ್ಬ ಇನ್ನೂ ಹಾಗೇ ಉಳಿದಿರುವ ಒಂದು ತುಂಡು ಇದೆ. ನಮಗೆ ಅದೇ ಪಾಠಶಾಲೆ. ನೀರಿನ ಅಂಚಿನಿಂದ ಮೇಲೆ ಹತ್ತಿದರೆ ಮೊದಲು ಭರತದ (ಉಬ್ಬರದ) ನೀರು ತಂದು ಬಿಟ್ಟ ಕಸದ ಗೆರೆ. ಅದರ ಮೇಲೆ ಅಡುಂಬು ಬಳ್ಳಿ ನೀರಿನ ಕಡೆಗೇ ಕೈ ಚಾಚಿಕೊಂಡು ಬರುತ್ತದೆ. ಇನ್ನೂ ಮೇಲೆ ರಾವಣನ ಮೀಸೆ, ಆ ಚುಚ್ಚುವ ಹುಲ್ಲು. ದಿಬ್ಬದ ನೆತ್ತಿ ದಾಟಿ ಒಳಗಿಳಿದರೆ ಗಾಳಿ ತಟ್ಟನೆ ನಿಲ್ಲುತ್ತದೆ. ಅಲ್ಲಿ ಬೇರೆಯದೇ ಗಿಡಗಳು, ಬೇರೆಯದೇ ಹುಳಗಳು. ನಮಗೆ ಬೇಕಾಗಿದ್ದು ಈ ಸಾಲು, ಇದೇ ಕ್ರಮದಲ್ಲಿ.

ಮೊದಲ ವರ್ಷ ನೆಟ್ಟ ಅಡುಂಬು ಪೂರ್ತಿ ಹೋಯಿತು. ಮಳೆ ಮುಗಿದ ಮೇಲೆ ಮೂರು ನಾಲ್ಕು ಗಿಣ್ಣಿನ ತುಂಡು ಮಾಡಿ, ಸಾಲು ಹಿಡಿದು ನೆಟ್ಟಿದ್ದೆವು. ಕೊಡದಲ್ಲಿ ನೀರು ಹೊತ್ತು ಹಾಕಿದ್ದೂ ಆಯಿತು. ಜನವರಿಯ ಹೊತ್ತಿಗೆ ಮಧ್ಯಾಹ್ನದ ಗಾಳಿ ಮರಳು ಎತ್ತಿ ಎರಚತೊಡಗಿತು. ಎಲೆ ಸುಟ್ಟ ಹಾಗಾಯಿತು. ಕೆಲವು ತುಂಡುಗಳ ಬುಡದ ಮರಳೇ ಹಾರಿ ಹೋಗಿ ಬೇರು ಬಿಸಿಲಿಗೆ ಬಂತು. ಕೂಲಿ, ಸಾಗಾಟ ಎಲ್ಲ ಸೇರಿ ಹದಿನೈದು ಸಾವಿರದ ಆಸುಪಾಸು ಹೋಯಿತು.

ಆಮೇಲೆ ಹಳೆಯ ನೈಲಾನ್ ಬಲೆಯ ಬೇಲಿ. ಬಲೆ ಪುಕ್ಕಟೆ ಸಿಕ್ಕಿತು, ಗೂಟಕ್ಕೆ ಮಾತ್ರ ಖರ್ಚು. ಮರಳು ಸ್ವಲ್ಪ ನಿಂತದ್ದೂ ಹೌದು. ಆದರೆ ಬೆಳಿಗ್ಗೆ ಹೋದರೆ ಏಡಿಗಳು ಕಾಲು ಸಿಕ್ಕಿಸಿಕೊಂಡು ಒದ್ದಾಡುತ್ತಿದ್ದವು. ಒಂದು ಹಾವನ್ನು ಕತ್ತರಿಯಿಂದ ಬಿಡಿಸಬೇಕಾಯಿತು. ಕಡಲಾಮೆ ಬರುವ ತೀರದಲ್ಲಿ ಬಲೆ ಬಿಡುವುದು ಸಾಧ್ಯವೇ ಇಲ್ಲ. ವಾರದೊಳಗೆ ಎಲ್ಲ ಕಿತ್ತೆವು. ಯಾರಾದರೂ ಪುಕ್ಕಟೆ ಬಲೆ ಕೊಡುತ್ತೇವೆ ಅಂದರೆ ದಯವಿಟ್ಟು ಬೇಡ ಅನ್ನಿ.

ಮೂರನೆಯದು ಹೆಣೆದ ತೆಂಗಿನ ಮಡ್ಲು, ಅಂದರೆ ಗರಿ. ನೋಡಲು ಚೆಂದ, ಸುತ್ತಮುತ್ತ ಸಿಗುವ ವಸ್ತು. ಆದರೆ ಅದು ಗಾಳಿಯನ್ನು ಪೂರ್ತಿ ತಡೆಯುತ್ತದೆ. ಪೂರ್ತಿ ತಡೆದರೆ ಗಾಳಿ ಕೆಳಗೆ ನುಗ್ಗಿ ಬುಡದ ಮರಳನ್ನೇ ಕೊರೆಯುತ್ತದೆ. ಹತ್ತು ಹದಿನೈದು ದಿನದಲ್ಲಿ ಗೂಟ ವಾಲಿತು, ಮಡ್ಲು ಮಗುಚಿತು. ಅಲ್ಲಿಗೆ ಇನ್ನೂ ಒಂದು ಏಳೆಂಟು ಸಾವಿರ. ತೀರದಲ್ಲಿ ದೋಣಿ ಎಳೆಯುವ ಹಿರಿಯರೊಬ್ಬರು, "ತಮಾ, ಕಡಲಿಗೆ ಬೇಲಿ ಹಾಕಿದ್ರೆ ನಿಲ್ತದ್ಯಾ? ಕಲ್ಲು ಹಾಕ್ಸು" ಅಂದರು. ಕಲ್ಲಿನ ತಡೆಗೋಡೆಗೆ ಕಿಲೋಮೀಟರಿಗೆ ಕೋಟಿಗಳ ಲೆಕ್ಕ. ಅದಕ್ಕಿಂತ ಹೆಚ್ಚಾಗಿ, ಕಲ್ಲು ಬಂದಲ್ಲಿ ಆಮೆ ಹತ್ತುವುದಿಲ್ಲ, ಬಳ್ಳಿ ಹಬ್ಬುವುದಿಲ್ಲ. ಸಲಹೆ ಕೇಳಲು ಹೋದ ಒಂದು ಕಚೇರಿಯಲ್ಲೂ ಇದೇ ಮಾತು: ಕಲ್ಲು, ಇಲ್ಲವೇ ಗಾಳಿ ಮರ.

ಗಾಳಿ ಮರದ ಬಗ್ಗೆ ನನ್ನ ಅಭಿಪ್ರಾಯ ಗಟ್ಟಿ. ಹಿಂದೆ ಗಾಳಿ ತಡೆಗೆ ಇರಲಿ, ಬೇಡ ಅನ್ನುವುದಿಲ್ಲ. ದಿಬ್ಬದ ಮೇಲೆ ಮಾತ್ರ ಬೇಡ. ಅದರ ಸೂಜಿ ಎಲೆ ಉದುರಿ ದಪ್ಪ ಹಾಸು ಆಗುತ್ತದೆ. ಆ ಹಾಸಿನಡಿ ಅಡುಂಬು, ರಾವಣನ ಮೀಸೆ ಏನೂ ಏಳುವುದಿಲ್ಲ. ಬೇರು ಹೆಣೆದ ಮರಳಲ್ಲಿ ಆಮೆಗೆ ಗುಂಡಿ ತೋಡಲು ಬರುವುದಿಲ್ಲ.

ಕೆಲಸ ಆಗಿದ್ದು ದಬ್ಬೆಯಿಂದ. ಒಣಗಿದ ಅಡಿಕೆ ಮರ ಸೀಳಿ ಎರಡು ಇಂಚು ಅಗಲದ ದಬ್ಬೆ. ದಬ್ಬೆಗೂ ದಬ್ಬೆಗೂ ನಡುವೆ ಎರಡು ಇಂಚು ಸಂದು. ಅಂದರೆ ಅರ್ಧ ತಡೆ, ಅರ್ಧ ಬಯಲು. ಗಾಳಿ ನಿಲ್ಲುವುದಿಲ್ಲ, ನಿಧಾನ ಆಗುತ್ತದೆ. ನಿಧಾನ ಆದಾಗ ಹೊತ್ತ ಮರಳನ್ನು ಹಿಂಬದಿಗೆ ಇಳಿಸುತ್ತದೆ. ಎತ್ತರ ಮೂರು ಅಡಿ, ನೆಲದೊಳಗೆ ಒಂದೂವರೆ ಅಡಿ. ಕಟ್ಟಲು ತೆಂಗಿನ ನಾರಿನ ಹಗ್ಗ. ತಂತಿ ಉಪ್ಪುಗಾಳಿಗೆ ಒಂದೇ ವರ್ಷದಲ್ಲಿ ತುಕ್ಕು ತಿಂದು ಮರಳಲ್ಲಿ ಚೂರಾಗಿ ಬೀಳುತ್ತದೆ, ಬರಿಗಾಲಲ್ಲಿ ಓಡಾಡುವ ಜಾಗ ಅಲ್ವಾ.

ಇದಕ್ಕಿಂತ ಮುಖ್ಯ ಬೇಲಿಯ ದಿಕ್ಕು. ಎಲ್ಲರೂ ಕಡಲಿಗೆ ಎದುರಾಗಿ ಒಂದೇ ಉದ್ದ ಗೆರೆ ಎಳೆಯುತ್ತಾರೆ. ನಮ್ಮಲ್ಲಿ ಡಿಸೆಂಬರಿನಿಂದ ಮೇ ತನಕ ಮಧ್ಯಾಹ್ನ ಬೀಸುವ ಗಾಳಿ ನೇರ ಕಡಲಿಂದ ಬರುವುದಿಲ್ಲ. ವಾಯುವ್ಯದಿಂದ, ತೀರಕ್ಕೆ ಓರೆಯಾಗಿ ಬರುತ್ತದೆ. ಉದ್ದ ಗೆರೆಯ ಬೇಲಿಗೆ ಅದು ಸವರಿಕೊಂಡು ಹೋಗುತ್ತದೆ ಅಷ್ಟೇ. ನಾವು ಹತ್ತು ಹನ್ನೆರಡು ಅಡಿಯ ತುಂಡು ತುಂಡು ಬೇಲಿ ಮಾಡಿ, ಪ್ರತಿ ತುಂಡನ್ನೂ ವಾಯುವ್ಯಕ್ಕೆ ಎದುರಾಗಿ ಓರೆ ನಿಲ್ಲಿಸಿದೆವು. ತುಂಡಿನಿಂದ ತುಂಡಿಗೆ ಏಳೆಂಟು ಅಡಿ ಬಿಟ್ಟೆವು. ಒಂದು ಬೇಲಿಯಿಂದ ತಪ್ಪಿಸಿಕೊಂಡ ಮರಳು ಮುಂದಿನದರಲ್ಲಿ ಸಿಕ್ಕಿಬೀಳುತ್ತದೆ. ಬಲೆ ಹೊತ್ತು ಹೋಗುವವರಿಗೆ ದಾರಿ ಉಳಿಯುತ್ತದೆ. ಆಮೆಗೂ ದಾರಿ ಉಳಿಯುತ್ತದೆ. ಮೊದಲ ತುಂಡನ್ನು ಎಲ್ಲಿ ನಿಲ್ಲಿಸಬೇಕು ಅನ್ನುವುದರಲ್ಲಿ ಒಂದು ಗುಟ್ಟಿದೆ. ಅದನ್ನು ಇಲ್ಲಿ ಬರೆಯುವುದಿಲ್ಲ. ಪ್ರತಿ ತೀರಕ್ಕೂ ಅದು ಬೇರೆ, ಜಾಗದಲ್ಲೇ ನಿಂತು ತೋರಿಸಬೇಕು.

ಮರಳು ಕೂರುವುದನ್ನು ನೋಡಬೇಕು ಅಂದರೆ ಮಾರ್ಚಿನಲ್ಲಿ ಮೂರು ಗಂಟೆ ಹೊತ್ತಿಗೆ ಒಂದು ಬೇಲಿಯ ಪಕ್ಕ ಕೂತುಬಿಡಿ. ಗಾಳಿ ಏಳುತ್ತದೆ. ಪಾದದ ಮಟ್ಟದಲ್ಲಿ ಮರಳು ಹೊಗೆಯ ಹಾಗೆ ಹರಿದು ಬರುತ್ತದೆ. ಸಂದಿನಿಂದ ಆಚೆ ಹೋಗುತ್ತಲೇ ಅದರ ಓಟ ತಗ್ಗುತ್ತದೆ. ಪ್ರತಿ ಸಂದಿನ ಹಿಂದೆಯೂ ಒಂದು ಸಣ್ಣ ಬಾಲ ಮೂಡುತ್ತದೆ. ಸಂಜೆಯ ಹೊತ್ತಿಗೆ ಬಾಲಗಳೆಲ್ಲ ಕೂಡಿ ಒಂದು ಉಬ್ಬು. ಗಾಳಿ ಜೋರಿದ್ದ ವಾರದಲ್ಲಿ ಅರ್ಧ ಅಡಿಗಿಂತ ಜಾಸ್ತಿ ಏರಿದ್ದನ್ನು ಕೋಲಿಟ್ಟು ನೋಡಿದ್ದೇನೆ. ಮೇ ಬರುವಷ್ಟರಲ್ಲಿ ದಬ್ಬೆಯ ತುದಿ ಮಾತ್ರ ಕಾಣುತ್ತಿತ್ತು. ಮುಂದಿನ ವರ್ಷ ಅದರ ಮೇಲೇ ಎರಡನೇ ಬೇಲಿ ನಿಲ್ಲಿಸಿದೆವು.

ಬಳ್ಳಿ ನೆಟ್ಟದ್ದು ಜೂನಿನ ಮೊದಲ ಮಳೆಗೆ. ಅಲೆ ಬಡಿಯುವ ಮುಂದಿನ ಮುಖದಲ್ಲಲ್ಲ, ಉಬ್ಬಿನ ಹಿಂಬದಿಯಲ್ಲಿ. ಆಳ ಒಂದು ಅಡಿ, ತುದಿಯ ಎರಡು ಎಲೆ ಮಾತ್ರ ಹೊರಗೆ. ಅಡುಂಬು ಮರಳಿನಡಿ ಹೂತಷ್ಟೂ ಬೇರು ಬಿಡುವ ಬಳ್ಳಿ, ಹೂಳಲು ಹೆದರಬೇಡಿ. ಮೂರು ವಾರ ಬಿಟ್ಟು ಒಂದನ್ನು ಕೆದಕಿ ನೋಡಿದೆ. ಪ್ರತಿ ಗಿಣ್ಣಿನಿಂದಲೂ ಬೆರಳುದ್ದದ ಬಿಳಿ ಬೇರು ಇಳಿದಿತ್ತು, ಬೇರಿನ ತುದಿಗೆಲ್ಲ ಮರಳಿನ ಕಾಳು ಅಂಟಿಕೊಂಡಿತ್ತು. ನೆಡುವ ಮುಂಚಿನ ರಾತ್ರಿ ತುಂಡುಗಳನ್ನು ಒಂದು ನೀರಿನಲ್ಲಿ ನೆನೆಹಾಕುತ್ತೇವೆ. ಆ ನೀರಿಗೆ ಏನು ಬೆರೆಸುತ್ತೇವೆ ಅನ್ನುವುದು ಸದ್ಯಕ್ಕೆ ನಮ್ಮಲ್ಲೇ ಇರಲಿ. ಹತ್ತರಲ್ಲಿ ಏಳು ತುಂಡು ಹಿಡಿದವು. ಅಕ್ಟೋಬರಿಗೆ ಬಳ್ಳಿ ದಿಬ್ಬದ ನೆತ್ತಿ ದಾಟಿ ಕಡಲ ಕಡೆಗೆ ಇಳಿಯುತ್ತಿತ್ತು.

ಆ ಜುಲೈನಲ್ಲಿ ಕಡಲ ಕಡೆಯ ಸಾಲು ಕೊಚ್ಚಿ ಹೋಯಿತು. ನೋಡಲು ಬಂದವರು ತಲೆ ಅಲ್ಲಾಡಿಸಿದರು. ದಿಬ್ಬದ ಕೆಲಸವೇ ಅದು. ಮಳೆಗಾಲದ ಅಲೆಗೆ ಮರಳು ಕೊಡುತ್ತದೆ, ಆ ಮರಳು ಎದುರಿನ ನೀರಿನಡಿ ದಿಣ್ಣೆಯಾಗಿ ಕೂತು ಅಲೆಯನ್ನು ಅಲ್ಲೇ ಮುರಿಯುತ್ತದೆ. ಮಳೆ ಮುಗಿದ ಮೇಲೆ ಸಣ್ಣ ಅಲೆಗಳು ಅದನ್ನೇ ವಾಪಸ್ ತರುತ್ತವೆ. ನಮ್ಮಲ್ಲಿ ಡಿಸೆಂಬರಿಗೆಲ್ಲ ಬಹುಪಾಲು ಬಂದಿತ್ತು. ತೋಪಿನ ಮರ ಆ ವರ್ಷ ಒಂದೂ ಬೀಳಲಿಲ್ಲ.

ಬೀಜದಿಂದಲೂ ಪ್ರಯತ್ನ ಮಾಡಿದೆ. ಅಡುಂಬಿನ ಬೀಜ ಕಡಲಲ್ಲಿ ತಿಂಗಳುಗಟ್ಟಲೆ ತೇಲಿ ದಡ ಸೇರುವಂಥದ್ದು, ಸಿಪ್ಪೆ ಅಷ್ಟು ಗಟ್ಟಿ. ಸುಮ್ನೆ ಬಿತ್ತಿದರೆ ಏಳುವುದಿಲ್ಲ. ಉಪ್ಪುಕಾಗದದಲ್ಲಿ ಒಂದು ಬದಿ ಉಜ್ಜಿ ರಾತ್ರಿ ನೆನೆಸಿದರೆ ವಾರದಲ್ಲಿ ಮೊಳಕೆ. ಆದರೆ ಸಸಿ ಎಳೆಯದು, ಮರಳಿನ ಏಟಿಗೆ ತಾಳುವುದಿಲ್ಲ. ತುಂಡೇ ಲೇಸು. ರಾವಣನ ಮೀಸೆಯಲ್ಲಿ ಗಂಡು ಗಿಡ, ಹೆಣ್ಣು ಗಿಡ ಬೇರೆ ಬೇರೆ. ಹೆಣ್ಣಿನ ಮುಳ್ಳುಚೆಂಡು ಒಣಗಿ ಗಾಳಿಗೆ ಉರುಳುತ್ತದೆ. ಉತ್ತರದ ಹಳೆ ದಿಬ್ಬದಿಂದ ಉರುಳಿ ಬಂದ ಚೆಂಡುಗಳು ನಮ್ಮ ದಬ್ಬೆ ಬೇಲಿಗೆ ಸಿಕ್ಕಿಕೊಂಡು ಅಲ್ಲೇ ಹುಟ್ಟಿದವು! ಅದಕ್ಕೆ ಒಂದು ರೂಪಾಯಿ ಖರ್ಚು ಇಲ್ಲ.

ಇನ್ನೊಂದು ಪ್ರಯೋಗ ಕಸದ ಗೆರೆಯದು. ಪ್ಲಾಸ್ಟಿಕ್, ಬಲೆ ಚೂರು ಹೆಕ್ಕಿದೆವು. ಕಡಲ ಪಾಚಿ, ಕಡ್ಡಿ, ಒಣ ಗರಿ ಹಾಗೇ ಬಿಟ್ಟೆವು. ಆ ಗೆರೆಯಲ್ಲೇ ಮರಳು ಮೊದಲು ತಡೆಯುತ್ತದೆ. ಅದರಡಿ ಹುಳ, ಹುಳಕ್ಕೆ ಹಕ್ಕಿ. ಚಳಿಗಾಲಕ್ಕೆ ವಲಸೆ ಬರುವ ಪುಟ್ಟ ಪ್ಲೋವರ್‌ಗಳು ನಾಲ್ಕು ಹೆಜ್ಜೆ ಓಡಿ, ನಿಂತು, ಕುಕ್ಕಿ ಮತ್ತೆ ಓಡುವುದು ಈಗ ದಿನವೂ ಕಾಣುತ್ತದೆ. ಬೀಚ್ ಪೂರ್ತಿ ಗುಡಿಸಿ ಸ್ವಚ್ಛ ಮಾಡುವ ಉತ್ಸಾಹಿಗಳು ಇದನ್ನು ಗಮನಿಸಬೇಕು.

ಬೇರೆ ಜೀವಿಗಳೂ ಬಂದವು. ಅಡುಂಬಿನ ಹೂ ಬೆಳಿಗ್ಗೆ ಅರಳಿ ಸಂಜೆಯೊಳಗೆ ಮುದುಡುತ್ತದೆ, ಅಷ್ಟರಲ್ಲಿ ಕಪ್ಪು ದುಂಬಿಗಳ ಸಂತೆ. ಏಡಿ ಬಿಲಗಳು ಜಾಸ್ತಿಯಾದವು. ಏಡಿ ಹುಡುಕಿಕೊಂಡು ನರಿ ಬರತೊಡಗಿತು, ಬೆಳಿಗ್ಗೆ ಹೆಜ್ಜೆ ಗುರುತು ಬೇಲಿಯ ಸಂದಿನಲ್ಲೇ ಹಾದು ಹೋಗಿರುತ್ತದೆ. ಒಳಬದಿಯ ಬಯಲಲ್ಲಿ ಟಿಟ್ಟಿಭ ಮೊಟ್ಟೆ ಇಟ್ಟಿತು.

ಎಲ್ಲಕ್ಕಿಂತ ದೊಡ್ಡದು ಆಮೆ. ಒಂದು ಫೆಬ್ರವರಿಯ ಬೆಳಿಗ್ಗೆ ಆಲಿವ್ ರಿಡ್ಲೆ ಹತ್ತಿದ ಜಾಡು ನೀರಿನಿಂದ ಬಂದು, ಎರಡು ಬೇಲಿ ತುಂಡುಗಳ ನಡುವೆ ತೂರಿ, ಹೊಸ ದಿಬ್ಬದ ಬುಡದಲ್ಲಿ ನಿಂತಿತ್ತು. ಬೇಲಿ ಹಾಕಿದರೆ ಆಮೆ ಬರುವುದಿಲ್ಲ ಅಂತ ನಮ್ಮ ಮೇಲೆ ದೂರು ಹೇಳಿದವರಿದ್ದರು. ಆ ದಿನ ಅವರನ್ನೇ ಕರೆದು ತೋರಿಸಿದೆ, ಬಹಳ ಸಂತೋಷದಿಂದ. 1972ರ ವನ್ಯಜೀವಿ ಕಾಯ್ದೆಯ ಮೊದಲ ಪಟ್ಟಿಯಲ್ಲಿರುವ ಪ್ರಾಣಿ, ಮೊಟ್ಟೆ ಮುಟ್ಟುವ ಹಾಗಿಲ್ಲ. ಅರಣ್ಯ ಇಲಾಖೆಯವರು ಬಂದು ನಾಯಿ ತೋಡದಂತೆ ಮೇಲೆ ಜಾಲರಿ ಹಾಕಿದರು. ಒಂದೂವರೆ ತಿಂಗಳು ದಾಟುತ್ತಲೇ ಗೂಡಿನ ಎದುರಿನ ಬೇಲಿ ತುಂಡುಗಳನ್ನು ಕಿತ್ತು ಪಕ್ಕಕ್ಕಿಟ್ಟೆವು, ತೋಪಿನಾಚೆ ಮನೆಗಳಿಗೆ ಹೇಳಿ ಕಡಲ ಕಡೆಯ ದೀಪ ಆರಿಸಿದೆವು. ಮರಿಗಳು ಬೆಳಕಿನ ಕಡೆಗೆ ಹೋಗುತ್ತವೆ, ಮನೆ ದೀಪ ಉರಿದರೆ ದಾರಿ ತಪ್ಪುತ್ತವೆ. ಗೂಡಿನಲ್ಲಿ ಸಾಮಾನ್ಯವಾಗಿ ಇರುವ ನೂರರ ಆಸುಪಾಸಿನ ಮೊಟ್ಟೆಯಲ್ಲಿ ಮುಕ್ಕಾಲು ಪಾಲು ಮರಿಯಾಗಿ ನೀರು ಸೇರಿದವು.

ಖರ್ಚಿನ ಲೆಕ್ಕ, ನೆನಪಿದ್ದಷ್ಟು. ಅಡಿಕೆ ಮರ ತೋಟದವರಿಂದ ಅರ್ಧ ಪುಕ್ಕಟೆ, ಅರ್ಧ ಕಾಸಿಗೆ. ಸೀಳಿಸಿ ತಂದದ್ದು ಸೇರಿ ಹತ್ತು ಸಾವಿರ. ಹಗ್ಗ ಮೂರು ಸಾವಿರದಷ್ಟು. ಕೂಲಿಯೇ ದೊಡ್ಡದು, ಎರಡು ವರ್ಷಕ್ಕೆ ಇಪ್ಪತ್ತೈದು ಸಾವಿರ ದಾಟಿರಬೇಕು. ದಿಬ್ಬ ತುಳಿಯದಂತೆ ಹಲಗೆಯ ಕಾಲುದಾರಿಗೆ ಆರೇಳು ಸಾವಿರ. ಈ ಕಾಲುದಾರಿಯ ಖರ್ಚು ಉಳಿಸಲು ಹೋಗಬೇಡಿ. ದಾರಿ ಕೊಡದಿದ್ದರೆ ಜನ ಬಳ್ಳಿಯ ಮೇಲೇ ನಡೆಯುತ್ತಾರೆ, ಬೇರೆ ಏನು ಮಾಡಿಯಾರು? ಮೊದಲ ಪ್ರಯತ್ನಗಳಲ್ಲಿ ಹೋದದ್ದನ್ನು ಸೇರಿಸಿದರೂ ಎಪ್ಪತ್ತು ಸಾವಿರದೊಳಗೆ.

ಮರಳು ದಿಬ್ಬ 2011ರ ಸಿಆರ್‌ಝಡ್ (ಕರಾವಳಿ ನಿಯಂತ್ರಣ ವಲಯ) ಅಧಿಸೂಚನೆಯಲ್ಲೂ 2019ರದ್ದರಲ್ಲೂ 1-ಎ, ಅಂದರೆ ಪರಿಸರ ಸೂಕ್ಷ್ಮ ವಲಯಕ್ಕೆ ಸೇರಿದ್ದು. ಹಾಗಾಗಿ ಗೂಟ ಹುಗಿಯುವ ಮುಂಚೆ ಪಂಚಾಯಿತಿಗೂ ಅರಣ್ಯ ಇಲಾಖೆಗೂ ಬರೆದು ಕೊಟ್ಟು, ಒಪ್ಪಿಗೆ ಕಾಗದದಲ್ಲಿ ಪಡೆಯಿರಿ. ಅಡುಂಬು ತುಂಡು ಬೇಕಾದವರು ಮೊದಲ ಮಳೆ ಬಿದ್ದ ಮೇಲೆ ಬನ್ನಿ, ಒದ್ದೆ ಗೋಣಿ ಚೀಲ ತನ್ನಿ. ಕಿತ್ತ ದಿನವೇ ಅಥವಾ ಮರುದಿನ ನೆಡಬೇಕು. ಅದಕ್ಕಿಂತ ತಡವಾದರೆ ನಾನು ಕೊಡುವುದಿಲ್ಲ.