ಪೋರ್ಟೊ ರಿಕೊ ಪಾಠ ಮಾಡುವುದು ಹೇಗೆ?

ರಾಯಚೂರಿನ ನಮ್ಮ ಪಿಯುಸಿ ಹುಡುಗರಿಗೆ ಪೋರ್ಟೊ ರಿಕೊ ಬಗ್ಗೆ, ಅಂದರೆ ಅಮೆರಿಕದ ಅಧೀನದಲ್ಲಿದ್ದರೂ ಅದರ ರಾಜ್ಯವಲ್ಲದ ಕೆರಿಬಿಯನ್ ದ್ವೀಪದ ಬಗ್ಗೆ ಹೇಳುವಾಗ ನಾನು ಬೋರ್ಡಿನ ಮೇಲೆ ಮೊದಲು ಬರೆಯುವುದು ಲಕ್ಷದ್ವೀಪ. 2011ರ ಗಣತಿಯಲ್ಲಿ ಅಲ್ಲಿದ್ದವರು 64 ಸಾವಿರ, ಆದರೂ ಲೋಕಸಭೆಯಲ್ಲಿ ಪೂರ್ತಿ ಮತವಿರುವ ಒಬ್ಬ ಸಂಸದ. ಪಕ್ಕದಲ್ಲೇ ಪೋರ್ಟೊ ರಿಕೊ ಬರೆಯಿರಿ. 30 ಲಕ್ಷಕ್ಕೂ ಜಾಸ್ತಿ ಜನ, 1917ರಿಂದ ಅಮೆರಿಕದ ಪೌರರು. ಅಮೆರಿಕದ ಸಂಸತ್ತಾದ ಕಾಂಗ್ರೆಸ್ಸಿನ ಕೆಳಮನೆಯಲ್ಲಿ ಅವರಿಗೊಬ್ಬ ಪ್ರತಿನಿಧಿ ಇರುತ್ತಾರೆ; ಆ ಪ್ರತಿನಿಧಿ ಸಮಿತಿಗಳಲ್ಲಿ ಮತ ಹಾಕಬಹುದು, ಸದನದಲ್ಲಿ ಮಸೂದೆ ಪಾಸಾಗುವಾಗ ಮಾತ್ರ ಸುಮ್ನೆ ಕೂರಬೇಕು. ಹಿಂದಿನ ಬೆಂಚು ಎಚ್ಚರಾಗುವುದೇ ಇಲ್ಲಿ!

ಆಮೇಲೆ ವಲಸೆಗೆ ಬನ್ನಿ. ಅದೇ ಪೋರ್ಟೊ ರಿಕೊದ ಮನುಷ್ಯ ಅಮೆರಿಕದ ಫ್ಲೋರಿಡಾ ರಾಜ್ಯಕ್ಕೆ ಮನೆ ಬದಲಿಸಿದರೆ, ದ್ವೀಪದಲ್ಲಿದ್ದಾಗ ಇಲ್ಲದಿದ್ದ ಅಧ್ಯಕ್ಷರ ಚುನಾವಣೆಯ ಮತವೂ ಸಿಗುತ್ತದೆ. ವಿಚಿತ್ರ ಅಲ್ವಾ? ದ್ವೀಪದಲ್ಲಿ ಹುಟ್ಟಿದ ನಿಡಿಯಾ ವೆಲಾಸ್ಕೆಸ್ 1992ರಲ್ಲಿ ಕಾಂಗ್ರೆಸ್ಸಿನ ಅದೇ ಕೆಳಮನೆಗೆ ಗೆದ್ದದ್ದು ನ್ಯೂಯಾರ್ಕಿನಿಂದ. ಅಮೆರಿಕದ ರಾಜ್ಯವಾಗಬೇಕೇ ಬೇಡವೇ ಎಂದು ದ್ವೀಪದಲ್ಲಿ ನಡೆದ ಜನಮತಗಣನೆಗಳ ಪಟ್ಟಿ ಉರು ಹೊಡೆಸಬೇಡಿ. ಫಲಿತಾಂಶ ಏನೇ ಬರಲಿ, ಕೊನೇ ತೀರ್ಮಾನ ಅಮೆರಿಕದ ಕಾಂಗ್ರೆಸ್ಸಿನದ್ದು ಅಂದರೆ ಸಾಕು.