ಭಿನ್ನರಾಶಿಯ ಭಾಗಾಕಾರ: ತಲೆಕೆಳಗು ಮಾಡುವ ಮೊದಲು ಜೋರಾಗಿ ಓದಿ

ಸಂಜೆ ಹೊತ್ತು ಏಳನೇ ತರಗತಿ ಮಕ್ಕಳಿಗೆ ಲೆಕ್ಕ ಹೇಳಿಕೊಡುತ್ತೇನೆ. 21/4 ÷ 3/4 ಅಂತ ಬರೆದುಕೊಟ್ಟರೆ ಸರಸರ ಮಾಡಿಬಿಡುತ್ತಾರೆ. ಅದನ್ನೇ ಬಟ್ಟೆ, ಎಣ್ಣೆ ಅಂತ ವಾಕ್ಯದಲ್ಲಿ ಕೊಟ್ಟರೆ ಕೈಗೆ ಸಿಕ್ಕ ಸಂಖ್ಯೆಯನ್ನು ತಲೆಕೆಳಗು ಮಾಡುತ್ತಾರೆ, ಇಲ್ಲವೇ ಸುಮ್ನೆ ಗುಣಿಸುತ್ತಾರೆ.

ಹಂತ 1: ಲೆಕ್ಕವನ್ನು ಮನೆಮಾತಿನಲ್ಲಿ ಓದಿಸಿ. 5¼ ಮೀಟರ್ ಬಟ್ಟೆ ಇದೆ, ಒಂದು ರವಿಕೆಗೆ ¾ ಮೀಟರ್ ಬೇಕು, ಎಷ್ಟು ರವಿಕೆ ಆಗುತ್ತವೆ? 'ಮೂರು ಬೈ ನಾಲ್ಕು' ಬೇಡ, 'ಮುಕ್ಕಾಲು' ಅನ್ನಲಿ. ಐದೂಕಾಲು ಮೀಟರಿನಲ್ಲಿ 21 ಕಾಲು ಇವೆ. ಮುಕ್ಕಾಲು ಅಂದರೆ ಮೂರು ಕಾಲು, ಹೆಸರಲ್ಲೇ ಇದೆ ಅಲ್ವಾ? 21ನ್ನು 3ರಿಂದ ಭಾಗಿಸಿದರೆ 7 ರವಿಕೆ. ಮೀಟರನ್ನು ಕಾಲು ಮಾಡಲು 4ರಿಂದ ಗುಣಿಸಿದೆವು, ರವಿಕೆ ಎಣಿಸಲು 3ರಿಂದ ಭಾಗಿಸಿದೆವು. ¾ ತಿರುಗಿ 4/3 ಆಗುವುದು ಇದಕ್ಕೇ. ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಸುಮಾರು 850ರಲ್ಲಿ, ಮಹಾವೀರಾಚಾರ್ಯರು ಬರೆದ 'ಗಣಿತಸಾರಸಂಗ್ರಹ'ದಲ್ಲೂ ಇದೇ ನಿಯಮವಿದೆ.

ಹಂತ 2: ಯಾವುದನ್ನು ಯಾವುದರಿಂದ ಭಾಗಿಸಬೇಕು? ಮುಕ್ಕಾಲು ಗಂಟೆಯಲ್ಲಿ 3 ಕಿಲೋಮೀಟರ್ ನಡೆದರೆ ಒಂದು ಗಂಟೆಗೆ ಎಷ್ಟು? ಇಲ್ಲಿ ಗೊಂದಲವಾದರೆ ಮುಕ್ಕಾಲನ್ನು ಬೆರಳಿಂದ ಮುಚ್ಚಿ, ಆ ಜಾಗದಲ್ಲಿ 2 ಗಂಟೆ, ದೂರದ ಜಾಗದಲ್ಲಿ 6 ಕಿಲೋಮೀಟರ್ ಅಂತ ಇಡಿ. ಯಾರಾದರೂ 6 ÷ 2 ಅನ್ನುತ್ತಾರೆ. ಅದೇ ಜಾಗಗಳಿಗೆ ಹಳೆಯ ಸಂಖ್ಯೆ ವಾಪಸ್ ತನ್ನಿ: 3 ÷ ¾, ಅಂದರೆ 4. 'ಒಟ್ಟು ಅಂದರೆ ಕೂಡು, ಪ್ರತಿ ಅಂದರೆ ಭಾಗಿಸು' ಅಂತ ಪದಗಳ ಪಟ್ಟಿ ಕೊಡುವ ಗೈಡುಗಳನ್ನು ದಯವಿಟ್ಟು ಕೊಡಿಸಬೇಡಿ. 'ಪ್ರತಿ ರವಿಕೆಗೆ ಮುಕ್ಕಾಲು ಮೀಟರ್, 7 ರವಿಕೆಗೆ ಎಷ್ಟು' ಅಂದ ತಕ್ಷಣ ಆ ಪಟ್ಟಿ ಕೈಕೊಡುತ್ತದೆ.

ಹಂತ 3: ಮಿಶ್ರ ಭಿನ್ನರಾಶಿಯನ್ನು (5¼) ವಿಷಮ ಭಿನ್ನರಾಶಿ (21/4) ಮಾಡಿ, ಭಾಜಕವನ್ನಷ್ಟೇ, ಅಂದರೆ ಯಾವುದರಿಂದ ಭಾಗಿಸುತ್ತೇವೋ ಆ ಸಂಖ್ಯೆಯನ್ನಷ್ಟೇ ತಿರುಗಿಸಿ, ಗುಣಿಸಿ.

ಹಂತ 4: ಜಾಸ್ತಿ ಅಂಕ ಹೋಗುವುದು ಇಲ್ಲೇ. ಐದೂವರೆ ಲೀಟರ್ ಎಣ್ಣೆಯನ್ನು ಮುಕ್ಕಾಲು ಲೀಟರಿನ ಬಾಟಲಿಗಳಿಗೆ ತುಂಬಬೇಕು. 11/2 × 4/3 = 22/3, ಅಂದರೆ 7⅓. ಎಷ್ಟು ಎಣ್ಣೆ ಉಳಿಯಿತು ಅಂತ ಕೇಳಿದರೆ ಮಕ್ಕಳು ⅓ ಲೀಟರ್ ಅಂತ ಬರೆಯುತ್ತಾರೆ. ತಪ್ಪು. ನಾವು ಎಣಿಸಿದ್ದು ಬಾಟಲಿಗಳನ್ನು, ಹಾಗಾಗಿ ಅದು ಒಂದು ಬಾಟಲಿಯ ಮೂರನೇ ಒಂದು ಭಾಗ. ಮುಕ್ಕಾಲಿನ ಮೂರನೇ ಒಂದು ಭಾಗ ಕಾಲು, ಉಳಿದದ್ದು ಕಾಲು ಲೀಟರ್. ನಂಬಿಕೆ ಬರದಿದ್ದರೆ ಹಿಂದಕ್ಕೆ ಬನ್ನಿ: 7 ಬಾಟಲಿಗೆ ಐದೂಕಾಲು ಲೀಟರ್ ಹೋಯಿತು, ಐದೂವರೆಯಲ್ಲಿ ಕಾಲು ಉಳಿಯಿತು. ಅದಕ್ಕೇ ಉತ್ತರದ ಪಕ್ಕ 'ಬಾಟಲಿ' ಅಂತ ಬರೆಯದ ಲೆಕ್ಕವನ್ನು ನಾನು ಸರಿ ಅಂತ ಗುರುತು ಹಾಕುವುದೇ ಇಲ್ಲ. ಫೋಟೊ ತೆಗೆದರೆ ಲೆಕ್ಕ ಬಿಡಿಸುವ ಆ್ಯಪ್‌ನಿಂದ 22/3 ನಕಲು ಮಾಡಿದ ಮಗು ಈ ಪದದಲ್ಲೇ ಸಿಕ್ಕಿಬೀಳುತ್ತದೆ.

ಕೊನೆಗೆ ಪ್ರಶ್ನೆಯನ್ನು ಇನ್ನೊಂದು ಸಲ ಓದಿ. ಎಷ್ಟು ಬಾಟಲಿ ಪೂರ್ತಿ ತುಂಬುತ್ತವೆ ಅಂತ ಕೇಳಿದ್ದರೆ 7. ಎಲ್ಲ ಎಣ್ಣೆಗೆ ಎಷ್ಟು ಬಾಟಲಿ ಬೇಕು ಅಂತ ಕೇಳಿದ್ದರೆ 8.